ವಸಂತಿಯ ಬೊಬ್ಬೆ

ಸಂಜೆ ಐದಕ್ಕೆ ಹತ್ತು ನಿಮಿಷ ಇತ್ತು. ವಾಲಿಬಾಲ್ ಪಂದ್ಯದ ಸ್ಕೋರು ಬರೆಯುವವರ ಮೇಜಿನ ಮೇಲೆ ಒಂದು ಅಲಾರಾಂ ಗಡಿಯಾರ ಇಟ್ಟಿದ್ದರು. ಅದರ ಮುಖ ನನ್ನ ಕಡೆಗೇ ತಿರುಗಿತ್ತು. ಗಡಿಯಾರ ನೋಡಿ ಕಣ್ಣು ಮೇಲೆತ್ತಿದಾಗ ಎದುರಿನ ಗ್ಯಾಲರಿಯ ಎಡಮೂಲೆಯ ಗಾಳಿಮರದ ಕಂಬ ಪಕ್ಕದ ಕಂಬದಿಂದ ಸ್ವಲ್ಪ ದೂರ ಸರಿದಂತೆ ಕಂಡಿತು. ಬಿಸಿಲಿಗೆ ಕಣ್ಣು ಮಂಜಾಗಿರಬೇಕು ಅಂದುಕೊಂಡೆ. ಮತ್ತೆ ನೋಡಿದೆ. ಮೇಲಿನ ಹಲಗೆಯಲ್ಲಿ ಕೂತವರ ತಲೆಗಳೆಲ್ಲ ಒಂದೇ ಸಲ ಎಡಕ್ಕೆ ಹೋಗಿ ಒಂದೇ ಸಲ ಬಲಕ್ಕೆ ಬಂದವು. ಕುಣಿಯುತ್ತಿದ್ದದ್ದು ಅವರಲ್ಲ. ಅವರ ಕೆಳಗಿನದ್ದು.

ಕಾರ್ಕಳದ ಆ ಮೈದಾನದ ಕಡೆಗೆ ಆಮೇಲೆ ನಾನು ಹೋದವಳಲ್ಲ. ಕಳೆದ ತಿಂಗಳು ಹಳೆಯ ವಿದ್ಯಾರ್ಥಿನಿಯೊಬ್ಬಳ ಮಗಳ ಮದುವೆಗೆಂದು ಕಾರ್ಕಳಕ್ಕೆ ಹೋಗಬೇಕಾಯಿತು. ಸಭಾಭವನದ ಹಿಂದೆ ಚಪ್ಪರದ ಕೆಲಸದವರು ತೆಂಗಿನ ನಾರಿನ ಹಗ್ಗವನ್ನು ಬಾಲ್ದಿಯ ನೀರಿನಲ್ಲಿ ನೆನೆಹಾಕಿದ್ದರು. ಒದ್ದೆ ನಾರಿಗೆ ಹಿನ್ನೀರಿನ ಕೆಸರಿನಂಥ ಒಂದು ವಾಸನೆ ಉಂಟು. ಕೈ ತೊಳೆಯಲು ಹೋದವಳ ಮೂಗಿಗೆ ಅದು ಬಡಿಯಿತು. ಆ ಗ್ಯಾಲರಿಯ ಕಂಬಗಳನ್ನು ಕಟ್ಟಿದ್ದೂ ಇಂಥದೇ ಹಗ್ಗದಲ್ಲಿ. ಅಲ್ಲಿಯೇ ಮೆಟ್ಟಿಲ ಮೇಲೆ ಕೂತುಬಿಟ್ಟೆ. "ಎಂತ ಟೀಚರ್, ಊಟ ಬೇಡವಾ?" ಎಂದು ಯಾರೋ ಕೇಳಿದರು. ನನ್ನ ಕಣ್ಣ ಮುಂದೆ ಆ ಕಂಬ ಮತ್ತೆ ಸರಿಯುತ್ತಿತ್ತು. ಇಷ್ಟು ವರ್ಷಗಳಲ್ಲಿ ಅದು ಎಷ್ಟು ಸಲ ಸರಿದಿದೆಯೋ. ಪ್ರತಿ ಸಲವೂ ಅಷ್ಟೇ ನಿಧಾನವಾಗಿ, ತಡೆಯಲು ಸಮಯ ಇದೆ ಎನಿಸುವಷ್ಟು ನಿಧಾನವಾಗಿ.

ಈ ಕಡೆಯ ಶಾಲೆಗಳಲ್ಲಿ ವಾರ್ಷಿಕೋತ್ಸವಕ್ಕೆ ಡ್ಯಾನ್ಸ್ ಕಲಿತ ಮಕ್ಕಳಿಗೆ ವಸಂತಿ ಟೀಚರ್ ಎಂದರೆ ಗೊತ್ತಿತ್ತು. ಕಾಪುವಿನಿಂದ ಕಾರ್ಕಳದವರೆಗೆ ಅವಳು ಹೋಗದ ಶಾಲೆ ಕಡಿಮೆ. ಕೈಯಲ್ಲೇ, ಹುಬ್ಬಿನಲ್ಲೇ ಎಲ್ಲ ಹೇಳಿ, ಒಂದು ಸಾಲು ಮಕ್ಕಳನ್ನು ಅಲೆಯ ಹಾಗೆ ಏಳಿಸಿ ಕೂರಿಸುತ್ತಿದ್ದಳು. ಮಕ್ಕಳು ಬೆನ್ನ ಹಿಂದೆ 'ಮೌನ ಟೀಚರ್' ಎನ್ನುತ್ತಿದ್ದವು. ಅದು ಅವಳ ಶೈಲಿ ಎಂದು ಹೆಡ್ ಮಾಸ್ಟರುಗಳು ಅತಿಥಿಗಳಿಗೆ ಹೆಮ್ಮೆಯಿಂದ ಹೇಳಿಕೊಳ್ಳುತ್ತಿದ್ದರು. ಅದಕ್ಕೂ ಮೊದಲು ಅವಳನ್ನು ಇದೇ ಊರುಗಳಲ್ಲಿ 'ಬೊಬ್ಬೆ ವಸಂತಿ' ಎಂದು ಕರೆಯುತ್ತಿದ್ದರು ಎಂಬುದು ಆ ಮಕ್ಕಳಿಗೆ ಗೊತ್ತಿರಲಿಲ್ಲ.

ನಾನು ನಫೀಸಾ. ಹೆಜಮಾಡಿಯವಳು. ಬಿ.ಎಸ್ಸಿ., ಬಿ.ಎಡ್. ಮುಗಿಸಿ ಉಡುಪಿಯ ಒಂದು ಹೆಣ್ಣುಮಕ್ಕಳ ಶಾಲೆಯಲ್ಲಿ ಗಣಿತ ಕಲಿಸಲು ಸೇರಿದ್ದೆ. ಎಂಬತ್ತರ ದಶಕ ಆಗಷ್ಟೇ ಶುರುವಾಗಿತ್ತು. ಕಾಲೇಜಿನಲ್ಲಿ ನನ್ನ ಬೆಂಚಿನಲ್ಲೇ ಕೂರುತ್ತಿದ್ದ ವಸಂತಿ ಕಾಪುವಿನವಳು. ತಂದೆ ಇಲ್ಲ, ತಾಯಿ ಬೀಡಿ ಕಟ್ಟಿ ಇಬ್ಬರು ಹೆಣ್ಣುಮಕ್ಕಳನ್ನು ಓದಿಸಿದವರು. ನಾವಿಬ್ಬರೂ ಆದಿ ಉಡುಪಿಯಲ್ಲಿ ಒಂದು ಮಹಡಿ ಕೋಣೆ ಬಾಡಿಗೆಗೆ ಹಿಡಿದಿದ್ದೆವು. "ಬೊಬ್ಬೆ ಹಾಕುವ ಹುಡುಗಿಯ ಜೊತೆ ರೂಮು ಮಾಡಿದ್ದೀಯಲ್ಲ, ಅವಳು ಮನೆಯಲ್ಲೂ ಹಾಗೆಯೇ ಮಾತಾಡ್ತಾಳಾ?" ಎಂದು ನನ್ನ ಉಮ್ಮ ಕೇಳಿದ್ದರು. ಹೌದು, ಹಾಗೆಯೇ ಮಾತಾಡುತ್ತಿದ್ದಳು. ಕೆಳಗಿನ ತರಕಾರಿ ಅಂಗಡಿಯವನಿಗೆ ಮಹಡಿಯಿಂದಲೇ ಮಟ್ಟುಗುಳ್ಳ ಬದನೆಯ ರೇಟು ಕೇಳಿದರೆ ರಸ್ತೆಯ ಆಚೆಯ ಅಂಗಡಿಯವನೂ ಉತ್ತರ ಕೊಡುತ್ತಿದ್ದ.

ಕಾಲೇಜಿನ ಕೊನೆಯ ವರ್ಷ ನಮ್ಮ ಹುಡುಗಿಯರ ವಾಲಿಬಾಲ್ ತಂಡ ಸೋಲುತ್ತಿದ್ದಾಗ ಇವಳು ಬೆಂಚಿನ ಮೇಲೆ ಹತ್ತಿ ನಿಂತು ಇಡೀ ಮೈದಾನದಿಂದ ಬೊಬ್ಬೆ ಹಾಕಿಸಿದ್ದಳು. ಆ ಆಟ ಗೆದ್ದೆವು. ಅಲ್ಲಿಂದ ಶುರು. ಕಾಪುವಿನ ಒಂದು ವಾಲಿಬಾಲ್ ಕ್ಲಬ್ಬಿನವರು ಮೊದಲು ಕರೆದರು, ಆಮೇಲೆ ಊರೂರಿನವರು. ಚಿಯರ್ ಲೀಡರ್ ಎಂಬ ಮಾತು ಆಗ ನಮ್ಮ ಬಾಯಿಗೆ ಬಂದಿರಲಿಲ್ಲ. 'ಬೊಬ್ಬೆ ಹಾಕಿಸುವವಳು', ಅಷ್ಟೇ. ಆದರೆ ಪಂದ್ಯಾಟದ ನೋಟಿಸು ಅಚ್ಚಾಗುವ ಮೊದಲೇ "ವಸಂತಿ ಯಾರ ಕಡೆಗೆ?" ಎಂದು ಜನ ಕೇಳುವಂತಾಯಿತು. ಹೆಣ್ಣುಮಗಳು ಮೈದಾನದಲ್ಲಿ ಕುಣಿಯುವುದೆಂತ ಎಂದು ಮೂಗು ಮುರಿದವರೂ ಅವಳ ಕೈ ಮೇಲೆ ಹೋದಾಗ ಬಾಯಿ ತೆರೆಯುತ್ತಿದ್ದರು. ಬೇರೆ ಕೆಲಸ ಸಿಗುವವರೆಗೆ ಎಂದು ಹಿಡಿದದ್ದು ಅವಳ ಕಸುಬೇ ಆಯಿತು.

ಅವಳ ಬೊಬ್ಬೆಗೆ ಲೆಕ್ಕಾಚಾರ ಇತ್ತು. ಬ್ಯಾಂಡ್‌ಸೆಟ್ಟಿನ ಒಂದು ಡ್ರಮ್ಮು, ತಗಡು ಬಗ್ಗಿಸಿ ಮಾಡಿಸಿದ ಒಂದು ತುತ್ತೂರಿ, ಗ್ಯಾಲರಿಯ ತುದಿಯಲ್ಲಿ ಕೆಂಪು ಬಟ್ಟೆ ಹಿಡಿದ ತಂಗಿ ಶೈಲಾ. ನಮ್ಮವರು ಸರ್ವ್ ಮಾಡುವಾಗ ಜನ ಕೂತು ಹಲಗೆಗೆ ಕಾಲು ಬಡಿಯಬೇಕು, ಮೊದಲು ಮೆಲ್ಲಗೆ, ಆಮೇಲೆ ಜೋರಾಗಿ. ಪಾಯಿಂಟ್ ಬಂತೋ, ಎಲ್ಲರೂ ಒಟ್ಟಿಗೆ ಏಳಬೇಕು. ಅದಕ್ಕೆ ಅವಳು "ಲಕ್ಕ್‌ದ್ ಉಂತುಲೆ" ಎಂದು ತುಳುವಿನಲ್ಲಿ ಕೂಗುತ್ತಿದ್ದಳು. ಎದ್ದು ನಿಲ್ಲಿ ಎಂದು ಅರ್ಥ. ಆದರೆ ಅದು ಡ್ರಮ್ಮಿನ ಪೆಟ್ಟಿಗೆ ಕೂರುತ್ತಿರಲಿಲ್ಲ. ಕೋಣೆಯಲ್ಲಿ ಪಾತ್ರೆ ಬಡಿಯುತ್ತಾ ಅವಳು ಅದನ್ನು ಹೇಳಿ ಹೇಳಿ ನೋಡುತ್ತಿದ್ದಳು. "ಮೊದಲಿನದು ಬೇಡ ಮಾರಾಯ್ತಿ, ಬಾಲದ ಹಾಗೆ ಮುಂದೆ ಕಟ್ಟಿಕೊಂಡಿದೆ," ಎಂದು ಒಂದು ದಿನ 'ಲಕ್ಕ್‌ದ್' ಅನ್ನು ಕತ್ತರಿಸಿಬಿಟ್ಟಳು. ಉಳಿದದ್ದು "ಉಂತುಲೆ." ಪೆಟ್ಟಿಗೆ ಸರಿಯಾಗಿ ಕೂತಿತು. ಆ ವರ್ಷದ ಮಳೆಗಾಲ ಮುಗಿದು ಪಂದ್ಯಾಟಗಳು ಶುರುವಾದ ಮೇಲೆ ಹೆಜಮಾಡಿಯಿಂದ ಕಾರ್ಕಳದವರೆಗಿನ ಜನಕ್ಕೆ ವಸಂತಿಯ ಉಂತುಲೆ ಅಂದರೆ ಕುಂಡೆ ಎತ್ತಿ ಏಳುವುದು ಎಂದೇ ಅಭ್ಯಾಸವಾಯಿತು.

ತುಳುವಿನಲ್ಲಿ ಉಂತುಲೆ ಅಂದರೆ ನಿಲ್ಲಿ. ಓಡುವವನಿಗೆ ಹೇಳಿದರೆ ಓಡಬೇಡ ಎಂದು. ಕಾಲು ಬಡಿಯುವವನಿಗೆ ಹೇಳಿದರೆ ಸಾಕು ಮಾಡು ಎಂದು. ನಮ್ಮ ಕನ್ನಡದ 'ನಿಲ್ಲಿ'ಯೂ ಹಾಗೆಯೇ ಅಲ್ವಾ.

ಕಾರ್ಕಳದಲ್ಲಿ ಅದು ಫೈನಲ್. ಗ್ಯಾಲರಿ ತುಂಬಿ, ಜಾಗ ಸಿಗದವರು ಮರ ಹತ್ತಿದ್ದರು. ವಸಂತಿ ಅಂಕಣಕ್ಕೆ ಬೆನ್ನು ಹಾಕಿ ಗ್ಯಾಲರಿಗೆ ಮುಖ ಮಾಡಿ ನಿಂತಿದ್ದಳು. ಅವಳ ಚೀಲ, ನೀರಿನ ಬಾಟಲಿ ಹಿಡಿದುಕೊಂಡು ನಾನು ಪಕ್ಕದಲ್ಲಿ. ಶೈಲಾ ಎಡಗಡೆಯ ಮೇಲಿನ ಸಾಲಿನಲ್ಲಿ, ಕೆಂಪು ಬಟ್ಟೆಯನ್ನು ಕೊರಳಿಗೆ ಸುತ್ತಿಕೊಂಡು ಪಕ್ಕದವರ ಹತ್ತಿರ ಕಡಲೆ ಕಸಿದು ತಿನ್ನುತ್ತಿದ್ದಳು. ಹದಿನೇಳರ ಹುಡುಗಿ. ಅಕ್ಕನ ಹತ್ತಿರ ಇದ್ದದ್ದು ಗಂಟಲು; ಕುಣಿತವೆಲ್ಲ ಇವಳ ಹತ್ತಿರ.

ಕಾಲುಬಡಿತ ಜೋರಾಯಿತು. ಗಡಿಯಾರ ನೋಡಿದೆ. ಕಂಬ ನೋಡಿದೆ. ವಸಂತಿಯ ತೋಳು ಹಿಡಿದು ಜಗ್ಗಿದೆ.

"ವಸಂತೀ, ನಿಲ್ಲಿಸು! ಗ್ಯಾಲರಿ ಹೋಗ್ತದೆ!"

ಅವಳು ನನಗಿಂತ ಚುರುಕು. ಒಮ್ಮೆ ನೋಡಿದಳು, ತುತ್ತೂರಿ ಬಾಯಿಗಿಟ್ಟಳು, ಜೀವ ಹೋಗುವ ಹಾಗೆ ಕೂಗಿದಳು.

"ಉಂತುಲೆ!"

ಜನ ಅವಳ ಮಾತನ್ನು ಅಷ್ಟು ಚೆನ್ನಾಗಿ ಹಿಂದೆಂದೂ ಕೇಳಿರಲಿಲ್ಲ. ಇಡೀ ಗ್ಯಾಲರಿ, ಕೈ ಮೇಲೆತ್ತಿ, ನಗುತ್ತಾ, ಒಂದೇ ಸಲ ಎದ್ದು ನಿಂತಿತು. ಶೈಲಾ ಕೊರಳಿನಿಂದ ಕೆಂಪು ಬಟ್ಟೆ ಬಿಚ್ಚಿ ಬೀಸಿದಳು.

ಮೊದಲು ಹಗ್ಗಗಳು ಕಿರುಗುಟ್ಟಿದವು. ಆಮೇಲೆ ಗ್ಯಾಲರಿ ಬಿದ್ದಿತು ಎಂದು ನಾನು ಹೇಳಲಾರೆ, ಅದು ಕೂತಿತು. ವಯಸ್ಸಾದವರು ನೆಲಕ್ಕೆ ಕೈಯೂರಿ ಕೂರುವ ಹಾಗೆ ಎಡಗಡೆಯಿಂದ ಮೆಲ್ಲಗೆ ಕೂತಿತು. ನಂತರ ಕೆಂಪು ಧೂಳು. ಆ ಧೂಳಿನೊಳಗೆ ವಸಂತಿ ಮತ್ತೆ ತುತ್ತೂರಿ ಎತ್ತಿ "ಕುಲ್ಲುಲೆ! ಕುಲ್ಲುಲೆ!" ಎಂದು ಕೂಗುತ್ತಿದ್ದಳು. ಕುಳಿತುಕೊಳ್ಳಿ, ಕುಳಿತುಕೊಳ್ಳಿ ಎಂದು. ನೆಲಕ್ಕೆ ಬಿದ್ದಾಗಿದ್ದ ಜನಕ್ಕೆ.

ಹೆಚ್ಚಿನವರು ತರಚಿದ ಮೈಯಲ್ಲಿ ಎದ್ದು ಬಂದರು. ಕೆಲವರ ಕೈ ಮುರಿದಿತ್ತು. ಕೆಂಪು ಬಟ್ಟೆ ಸಿಕ್ಕಿತು. ಅದನ್ನು ಹಿಡಿದ ಕೈ ಸಿಕ್ಕಿತು. ಶೈಲಾಳ ಎಡಗಾಲು ಮಾತ್ರ ಎರಡು ಹಲಗೆಗಳ ನಡುವೆ, ಕಂಬದ ಅಡಿಯಲ್ಲಿ ಇತ್ತು. ಗಂಡಸರು ಒಂದು ಕಡೆ ಎತ್ತಿದರೆ ಭಾರವೆಲ್ಲ ಇನ್ನೊಂದು ಕಡೆಗೆ ಹೋಗಿ ಅವಳು ಕಿರುಚುತ್ತಿದ್ದಳು. "ಉಂತುಲೆ, ಉಂತುಲೆ, ಮೆಲ್ಲಗೆ!" ಎಂದು ಅವರು ತಮ್ಮತಮ್ಮೊಳಗೆ ಹೇಳಿಕೊಂಡಾಗಲೆಲ್ಲ ವಸಂತಿ ಎರಡೂ ಕೈಯಲ್ಲಿ ಕಿವಿ ಮುಚ್ಚಿಕೊಂಡಳು.

ಯಾರದೋ ಜೀಪಿನಲ್ಲಿ ಮಣಿಪಾಲಕ್ಕೆ ಹೊರಟೆವು. ಬೈಲೂರು ದಾಟುವಾಗ ಕತ್ತಲಾಗುತ್ತಿತ್ತು. ಶೈಲಾಳ ತಲೆ ನನ್ನ ಮಡಿಲಲ್ಲಿ. ಪಾದ ವಸಂತಿಯ ಕೈಯಲ್ಲಿ. ಜೀಪು ಕುಲುಕಿದರೂ ಪಾದ ಕುಲುಕಬಾರದೆಂದು ಅವಳು ಸೀಟು ಬಿಟ್ಟು ಕೆಳಗೆ ಮೊಣಕಾಲೂರಿದ್ದಳು. ಹಿರಿಯಡ್ಕದ ತಿರುವಿನಲ್ಲಿ ಶೈಲಾ ಕಣ್ಣು ತೆರೆದಳು.

"ಅಕ್ಕ, ಪಾಯಿಂಟ್ ಯಾರಿಗೆ?"

"ನಮಗೆ," ಎಂದಳು ವಸಂತಿ.

"ಮತ್ತೆ ನೀನು ಯಾಕೆ ಅಳುವುದು?"

ಪಂದ್ಯ ಮುಗಿದೇ ಇರಲಿಲ್ಲ. ಆ 'ನಮಗೆ' ಎಂಬುದೇ ವಸಂತಿ ಪೂರ್ತಿ ಸ್ವರದಲ್ಲಿ ಆಡಿದ ಕೊನೆಯ ಮಾತು. ಆಮೇಲೆ ತಿಂಗಳುಗಟ್ಟಲೆ ಎಚ್ಚರದಲ್ಲಿ ಅವಳಿಂದ ಬಂದದ್ದೆಲ್ಲ ಪಿಸುಮಾತು.

ಮಣಿಪಾಲದ ಆಸ್ಪತ್ರೆಯಲ್ಲಿ ರಕ್ತನಾಳ ಜೋಡಿಸಿದರು, ಮೂಳೆಗೆ ಸರಳು ಹಾಕಿದರು. ಕಾಲು ಉಳಿಯುತ್ತದೋ ತೆಗೆಯಬೇಕೋ ಈಗಲೇ ಹೇಳಲಾಗದು, ಬೆರಳಿನ ಬಣ್ಣ ನೋಡುತ್ತಾ ಇರಿ ಎಂದರು. ಹೆಬ್ಬೆರಳಿನ ಉಗುರು ಒತ್ತಿ ಬಿಡಬೇಕು. ಬಿಳಿಯಾದದ್ದು ಮತ್ತೆ ಕೆಂಪಾಗಬೇಕು. ಕೆಂಪಾಗಲು ತಡವಾದರೆ ಕರೆಯಬೇಕು. ನರ್ಸ್ ಇದನ್ನು ನಮಗೆ ಕಲಿಸಿಕೊಟ್ಟು ಹೋದರು. ಆಮೇಲೆ ನಮಗೆ ಬೇರೆ ಲೋಕವೇ ಇರಲಿಲ್ಲ. ನನ್ನ ಶಾಲೆ ಇಲ್ಲ, ಊಟ ಇಲ್ಲ. ಒಂದು ಉಗುರು. ಒಮ್ಮೊಮ್ಮೆ ಅದು ಬೇಗ ಕೆಂಪಾಗುತ್ತಿತ್ತು. ಒಮ್ಮೊಮ್ಮೆ ಬಿಳಿಯಾಗಿಯೇ ನಿಂತರೆ ನಾನು ನರ್ಸನ್ನು ಕರೆಯಲು ಓಡುತ್ತಿದ್ದೆ. ವಸಂತಿ ಎಷ್ಟು ಒತ್ತುತ್ತಿದ್ದಳೆಂದರೆ ಶೈಲಾಳೇ ಒಂದು ದಿನ ಬೈದಳು. "ಅಕ್ಕ, ಡಾಕ್ಟರು ತೆಗೆಯುವ ಮೊದಲು ನೀನೇ ಕಿತ್ತು ತೆಗೀತೀಯಾ ಹೇಗೆ?"

ಕಾಪುವಿನಿಂದ ತಾಯಿ ಬಂದರು. ಬೆರಳುಗಳಲ್ಲಿ ಇನ್ನೂ ಬೀಡಿ ಎಲೆಯ ವಾಸನೆ. ದೊಡ್ಡ ಸ್ವರದ ಮನುಷ್ಯರಲ್ಲ ಅವರು. ಮಗಳ ಕಾಲು ನೋಡಿದರು, ಇನ್ನೊಬ್ಬ ಮಗಳ ಮುಖ ನೋಡಿದರು.

"ಊರಿಗೆಲ್ಲ ಕೇಳುವ ಬಾಯಿ ನಿನ್ನದು. ಅದು ಇವಳನ್ನೇ ತಿನ್ನಬೇಕಿತ್ತಾ?"

ವಸಂತಿ ಹೊರಗೆ ಹೋಗಿ ವರಾಂಡದ ಕಂಬಕ್ಕೆ ಒರಗಿ ಕೂತಳು. ಅಲ್ಲಿಂದ ಮುಂದೆ ತಾಯಿ ಒಳಗಿರುವಾಗ ಅವಳು ಒಳಗೆ ಬರುತ್ತಿರಲಿಲ್ಲ.

ಪೊಲೀಸರು ಹೇಳಿಕೆ ಪಡೆಯಲು ಬಂದದ್ದು ಆ ವಾರವೇ. ಬಂದವರು ಘಟ್ಟದ ಮೇಲಿನವರು, ತುಳು ಬಾರದು. ವಸಂತಿ ಮಾತಾಡುವ ಸ್ಥಿತಿಯಲ್ಲಿ ಇಲ್ಲದ ಕಾರಣ ನನ್ನನ್ನು ಕೇಳಿದರು.

"ಏನಮ್ಮಾ, ಆಯಮ್ಮ ಏನಂತ ಕೂಗಿದ್ರು?"

"ಉಂತುಲೆ ಅಂತ."

"ಹಂಗಂದ್ರೆ?"

"ನಿಲ್ಲಿ ಅಂತ, ಸಾರ್."

"ನಿಲ್ಲಿ ಅಂದ್ರೆ ಜನ ನಿಲ್ಲಬೇಕಿತ್ತಲ್ಲ?"

"ನಿಂತರು."

"ಮತ್ತೆ ಬಿದ್ದಿದ್ಯಾಕೆ?"

"ನಿಂತದ್ದಕ್ಕೇ ಬಿದ್ದದ್ದು."

ಅವರು ಪೆನ್ನು ಕೆಳಗಿಟ್ಟು ನನ್ನನ್ನು ನೋಡಿದರು. "ಟೀಚರ್ ಅಂತೀರಿ. ಸರಿಯಾಗಿ ಹೇಳಿ. ನಿಲ್ಲಿ ಅಂದ್ರಾ, ಏಳಿ ಅಂದ್ರಾ?"

"ಸಾರ್, ಅವಳು ಹೇಳಿದ್ದು ಸಾಕು ಮಾಡಿ ಅಂತ. ಜನ ಕೇಳಿದ್ದು ಏಳಿ ಅಂತ. ಮಾತು ಒಂದೇ."

"ಒಂದೇ ಮಾತು ಎರಡು ಹೆಂಗಾಗುತ್ತೆ?" ಎಂದು ಅವರು ಬೇಸರದಿಂದ ಗೊಣಗಿದರು. ಕೊನೆಗೆ ಹಗ್ಗ ಹಳೆಯದು, ಕಂಬ ಆಳಕ್ಕೆ ಹೂತಿರಲಿಲ್ಲ ಎಂದು ತೀರ್ಮಾನವಾಯಿತು. ಅವಳು ಕೂಗದಿದ್ದರೂ ಅದು ಬೀಳುತ್ತಿತ್ತು ಎಂದು ಮರಗೆಲಸದವರೂ ಹೇಳಿದರು. ಆ ಸುದ್ದಿಯನ್ನು ಓಡಿಹೋಗಿ ವಸಂತಿಗೆ ಹೇಳಿದೆ. ಅವಳು ಪಿಸುದನಿಯಲ್ಲಿ ಕೇಳಿದಳು, "ಬೀಳುತ್ತಿತ್ತು. ಆದರೆ ಎಲ್ಲರೂ ಕೂತಿರುವಾಗ ಬೀಳುತ್ತಿತ್ತು. ಅಲ್ವಾ?"

 

ಹಗಲು ಪಿಸುಗುಡುತ್ತಿದ್ದವಳು ನಿದ್ದೆಯಲ್ಲಿ ಬೊಬ್ಬೆ ಹಾಕತೊಡಗಿದಳು. ಕುಲ್ಲುಲೆ, ಕುಲ್ಲುಲೆ. ಆದಿ ಉಡುಪಿಯ ಆ ಕೋಣೆಯಲ್ಲಿ ಒಂದು ರಾತ್ರಿಯೂ ತಪ್ಪಲಿಲ್ಲ. ಅವಳನ್ನು ಅಲುಗಿಸಿ ಎಬ್ಬಿಸುವುದಕ್ಕೆ ನಾನು ಹೇಗೂ ಎಚ್ಚರವಾಗಿಯೇ ಇರುತ್ತಿದ್ದೆ; ಕಣ್ಣು ಮುಚ್ಚಿದರೆ ನನಗೆ ಆ ಕಂಬ. ಕೆಳಗಿನ ಮನೆಯವರು ಬೇರೆ ಕೋಣೆ ನೋಡಿಕೊಳ್ಳಿ ಎಂದರು. ಉಮ್ಮ ಬಂದು ಏನೇನೋ ಓದಿ ಅವಳ ತಲೆಗೆ ಊದಿದರು, ಆಸ್ಪತ್ರೆಗೆ ಅಕ್ಕಿರೊಟ್ಟಿ ಕಳಿಸಿದರು, ನನ್ನನ್ನು ಮಾತ್ರ ಮೂಲೆಗೆ ಕರೆದು, "ಅವಳನ್ನು ಒಬ್ಬಳೇ ಬಿಟ್ಟು ಎಲ್ಲಿಯೂ ಹೋಗಬೇಡ," ಎಂದರು. ಯಾಕೆಂದು ಇಬ್ಬರೂ ಬಾಯಿಬಿಟ್ಟು ಹೇಳಿಕೊಳ್ಳಲಿಲ್ಲ. ಮಹಡಿಯ ಕಿಟಕಿಯ ಹತ್ತಿರ ನಾನು ನನ್ನ ಚಾಪೆ ಹಾಕಿಕೊಂಡೆ.

ಕಾಲು ಉಳಿಯಿತು. ಅಷ್ಟು ದಿನ ಬೇಡಿಕೊಂಡದ್ದು ಸಿಕ್ಕಿತು ಎಂದು ಖುಷಿಪಡುವಷ್ಟರಲ್ಲಿ ಡಾಕ್ಟರು ಮುಂದಿನದನ್ನು ಹೇಳಿದರು. ಇನ್ನು ಅವಳು ನಿಲ್ಲಬೇಕು. ಭಾರ ಹಾಕಬೇಕು, ಮೊಣಕಾಲು ಬಗ್ಗಿಸಬೇಕು. ಈ ಮಳೆಗಾಲದೊಳಗೆ ನಿಲ್ಲದಿದ್ದರೆ ಮೊಣಕಾಲು ಹಾಗೆಯೇ ಕಟ್ಟಿಹೋಗುತ್ತದೆ, ಆಮೇಲೆ ಜೀವಮಾನವಿಡೀ ಅದು ಕೋಲು.

ಶೈಲಾ ನಿಲ್ಲಲಿಲ್ಲ.

ಆಸ್ಪತ್ರೆಯ ಹಿಂಬದಿಯಲ್ಲಿ ಸಿಮೆಂಟು ಶೀಟಿನ ಮಾಡಿನ ಒಂದು ಹಾಲು. ಅಲ್ಲಿ ಹಿಡಿದು ನಡೆಯಲು ಎರಡು ಕಬ್ಬಿಣದ ಅಡ್ಡಸರಳುಗಳು. ವ್ಯಾಯಾಮ ಮಾಡಿಸುತ್ತಿದ್ದವರು ಸಿಸ್ಟರ್ ಗ್ರೇಸಿ, ಮಂಗಳೂರಿನ ಕಡೆಯವರು, ಒಳ್ಳೆಯ ಮನಸ್ಸಿನ ಹೆಂಗಸು. ಗಾಲಿಕುರ್ಚಿಯ ಮುಂದೆ ಬಗ್ಗಿ, "ಉಂತು ಮಗಾ," ಎಂದರು. ಶೈಲಾಳ ಮುಖದ ರಕ್ತವೆಲ್ಲ ಇಳಿಯಿತು. ಕುರ್ಚಿಯ ಕೈಗಳನ್ನು ಹಿಡಿದ ಬೆರಳುಗಳನ್ನು ನಾವು ಒಂದೊಂದಾಗಿ ಬಿಡಿಸಬೇಕಾಯಿತು. ಮರುದಿನವೂ ಹಾಗೆಯೇ. ನಾನು ವಿಷಯ ಹೇಳಿದ ಮೇಲೆ ಸಿಸ್ಟರ್ ಆ ಮಾತು ಬಿಟ್ಟು "ನಿಲ್ಲು" ಎಂದರು, ಅದೂ ಅದೇ. "ಲಕ್ಕ್" ಎಂದರೆ ಸಾಕಲ್ಲ, ಬರೀ ಏಳು ಎಂದು, ಅಂದುಕೊಂಡೆವು. ಆಗ ಶೈಲಾ ಉಸಿರು ಬಿಗಿಹಿಡಿದು ಸಿಸ್ಟರಿನ ಬಾಯಿಯನ್ನೇ ನೋಡುತ್ತಾ ಕೂತಳು. ಇನ್ನೊಂದು ಮಾತು ಈಗ ಬರುತ್ತದೆ ಎಂದು ಕಾಯುತ್ತಿದ್ದಳು. ಅಕ್ಕ ಕತ್ತರಿಸಿದ್ದ ಎರಡು ಮಾತುಗಳನ್ನು ಅವಳ ಭಯ ಮತ್ತೆ ಜೋಡಿಸಿಬಿಟ್ಟಿತ್ತು.

ಮಳೆ ಶುರುವಾಯಿತು. ದಿನಗಳು ಹೋದವು. ಮೊಣಕಾಲು ಬಿಗಿಯುತ್ತಾ ಬಂತು. ಡಾಕ್ಟರು ಬೈದರು, ಮುದ್ದು ಮಾಡಿದರು, ಕೊನೆಗೆ ಮನೆಗೆ ಕಳಿಸುವ ಮಾತಾಡಿದರು. ತಾಯಿ ಗೋಡೆಗೆ ಮುಖ ಮಾಡಿ ಕೂತರು. ಹೊರಗೆ ವರಾಂಡದಲ್ಲಿ, ಮಳೆಯ ಎರಚಲು ಹೊಡೆಯುವ ಜಾಗದಲ್ಲೇ, ವಸಂತಿ ಎಂದಿನಂತೆ ಕಂಬಕ್ಕೆ ಒರಗಿದ್ದಳು. ಸೀರೆ ಮೊಣಕಾಲಿನವರೆಗೆ ಒದ್ದೆ. ನನಗೆ ತಡೆಯಲಾಗಲಿಲ್ಲ.

"ಒಳಗೆ ಬಾ."

ತಲೆ ಆಡಿಸಿದಳು. "ನನ್ನ ಬಾಯಿ ಕಂಡರೆ ಅವಳು ಹೆದರ್ತಾಳೆ."

"ಹಾಗಾದರೆ ಬಾಯಿ ಮುಚ್ಚಿಕೊಂಡು ಬಾ ಮಾರಾಯ್ತಿ!"

ಅದು ಸಿಟ್ಟಿನಲ್ಲಿ ಬಂದ ಮಾತು. ತಿಂಗಳುಗಟ್ಟಲೆ ನಿದ್ದೆ ಇಲ್ಲದ ಸಿಟ್ಟು. ಆದರೆ ವಸಂತಿ ಅದನ್ನು ಹಾಗೆಯೇ ತೆಗೆದುಕೊಂಡಳು. ಆಮೇಲೆ ಎದ್ದು, ಸೆರಗಿನ ತುದಿಯನ್ನು ಮುದ್ದೆ ಮಾಡಿ ಹಲ್ಲಿನಲ್ಲಿ ಕಚ್ಚಿಕೊಂಡು, ಒಳಗೆ ನಡೆದಳು.

ಗಾಲಿಕುರ್ಚಿಯ ಎದುರು ಹೋಗಿ ನಿಂತಳು. ಮೈದಾನದಲ್ಲಿ ನಿಲ್ಲುತ್ತಿದ್ದ ಹಾಗೆಯೇ, ಕಾಲು ಅಗಲಿಸಿ, ಭುಜ ಹಿಂದಕ್ಕೆ. ಶೈಲಾ ಅಕ್ಕನ ಬಾಯಿ ನೋಡಿದಳು. ಅಲ್ಲಿ ಸೆರಗು ತುಂಬಿತ್ತು. ಯಾವ ಮಾತೂ ಹೊರಗೆ ಬರುವ ಹಾಗಿರಲಿಲ್ಲ. ಹುಡುಗಿಯ ಹಿಡಿದ ಉಸಿರು ಮೆಲ್ಲಗೆ ಹೊರಬಂತು. ವಸಂತಿ ಎರಡೂ ಅಂಗೈಗಳನ್ನು ಕೆಳಮುಖ ಮಾಡಿದಳು. ಅದು ಹಳೆಯ ಸನ್ನೆ: ತಯಾರಾಗಿರಿ. ಶೀಟಿನ ಮಾಡಿನ ಮೇಲೆ ಮಳೆ ಬಡಿಯುತ್ತಿತ್ತು. ಅದರ ಪೆಟ್ಟಿಗೆ ಸರಿಯಾಗಿ ಅವಳ ತೊಡೆ ಅದುರತೊಡಗಿತು, ಮೊಣಕಾಲು ಬಗ್ಗಿತು, ನೆಟ್ಟಗಾಯಿತು, ಬಗ್ಗಿತು. ಕುರ್ಚಿಯಲ್ಲಿ ಶೈಲಾಳ ಒಳ್ಳೆಯ ಕಾಲು ತಾನಾಗಿ ನೆಲ ಬಡಿಯಿತು. ಆಗ ವಸಂತಿ ಅಂಗೈಗಳನ್ನು ಮೇಲ್ಮುಖ ಮಾಡಿ, ಭಾರವಾದದ್ದನ್ನು ಎತ್ತುವವಳ ಹಾಗೆ, ಇಷ್ಟಿಷ್ಟೇ, ಇಷ್ಟಿಷ್ಟೇ ಮೇಲಕ್ಕೆ ತಂದಳು.

ಶೈಲಾ ಎದ್ದಳು. ನೋವಿಗೆ ಕಿರುಚಿದಳು, ಕಣ್ಣೀರು ಇಳಿಯಿತು, ಆದರೆ ಕುರ್ಚಿ ಹಿಡಿಯಲಿಲ್ಲ. ಅಕ್ಕನ ಕೈಗಳಿಂದ ಕಣ್ಣು ತೆಗೆಯಲಿಲ್ಲ. ವಸಂತಿಯ ಅಂಗೈ ಎಡಕ್ಕೆ ಸರಿದರೆ ಅವಳ ಭಾರ ಎಡಗಾಲಿಗೆ ಸರಿಯಿತು. ಬಲಕ್ಕೆ ಬಂದರೆ ಬಲಕ್ಕೆ. ಗೋಡೆಯ ಕಡೆ ಮುಖ ಮಾಡಿದ್ದ ತಾಯಿ ತಿರುಗಿ ನೋಡಿದರು.

"ಅಕ್ಕ," ಎಂದಳು ಶೈಲಾ, ಮೂಗು ಎಳೆದುಕೊಳ್ಳುತ್ತಾ. "ಬಾಯಲ್ಲಿ ಬಟ್ಟೆ ತುರುಕಿದರೆ ನೀನು ಅಷ್ಟೇನೂ ಕೆಟ್ಟವಳಲ್ಲ."

ಆ ಮಳೆಗಾಲವಿಡೀ ಆ ಹಾಲಿನಲ್ಲಿ ಅದೇ ನಡೆಯಿತು. ಪಕ್ಕದ ಕುರ್ಚಿಯ, ಭುಜ ಎತ್ತಲಾಗದ ಒಬ್ಬ ಅಜ್ಜಿ ವಸಂತಿಯ ಕೈ ನೋಡಿ ತಮ್ಮ ಕೈಯನ್ನೂ ಎತ್ತತೊಡಗಿದರು. ಆಮೇಲೆ ಬಾವಿಕಟ್ಟೆಯಿಂದ ಬಿದ್ದ ಒಬ್ಬಳು ಬಂದು ಸೇರಿದಳು. ಒಂದು ದಿನ ಬಾಗಿಲಿಗೆ ಬಂದು ನೋಡುತ್ತೇನೆ, ಪ್ಲಾಸ್ಟರು ಹಾಕಿದವರ ಒಂದು ಸಾಲೇ ಮಾತಿಲ್ಲದೆ ಏಳುತ್ತಿದೆ, ಬಾಗುತ್ತಿದೆ. "ಎಂತ ಇದು ವಸಂತಿ, ನನ್ನ ಕೆಲಸ ಹೋಯ್ತಾ?" ಎಂದರು ಸಿಸ್ಟರ್ ಗ್ರೇಸಿ. ಡ್ಯಾನ್ಸ್ ಟೀಚರ್ ಎಂದು ಮುಂದೆ ಹೆಸರು ಮಾಡಿದವಳ ಮೊದಲ ತಂಡ ಅದು. ಆದರೆ ಅದನ್ನು ಗೆಲುವು ಎಂದು ಆಗ ನಮಗೆ ಅನಿಸಲಿಲ್ಲ. ಶೈಲಾ ಕುಂಟುತ್ತಲೇ ನಡೆದಳು. ಇನ್ನು ಕುಣಿಯಲಾರಳು ಎಂಬುದು ಸ್ಪಷ್ಟವಾಗಿತ್ತು. ಕೋಣೆಗೆ ಬಂದರೆ ವಸಂತಿ ನಿದ್ದೆಯಲ್ಲಿ ಕೂಗುತ್ತಲೇ ಇದ್ದಳು, ನಾನು ಕಿಟಕಿಯ ಹತ್ತಿರ ಮಲಗುತ್ತಲೇ ಇದ್ದೆ.

ಚಳಿಗಾಲಕ್ಕೆ ಕಾಪುವಿನ ಕಡಲ ಬದಿಯ ಶಾಲೆಯ ಹೆಡ್ ಮಾಸ್ಟರು ನಮ್ಮ ಕೋಣೆಗೆ ಬಂದರು. ವಾರ್ಷಿಕೋತ್ಸವಕ್ಕೆ ಮಕ್ಕಳಿಗೆ ಒಂದು ಡ್ಯಾನ್ಸ್ ಕಲಿಸಬೇಕು. ವಸಂತಿ ಆಗದು ಎಂದು ಕೈಯಲ್ಲೇ ಹೇಳಿದಳು. ಅವರು ಮತ್ತೊಮ್ಮೆ ಬಂದರು. ಈ ಸಲ ಅಕ್ಕನ ಜೊತೆ ಇರಲು ಬಂದಿದ್ದ, ಊರುಗೋಲು ಬಿಟ್ಟು ಹೊಸದಾಗಿ ನಡೆಯುತ್ತಿದ್ದ ಶೈಲಾ ಬಾಗಿಲಿಗೆ ಬಂದು ಉತ್ತರ ಕೊಟ್ಟಳು.

"ಕಲಿಸ್ತಾಳೆ ಮಾಸ್ಟ್ರೇ. ಆದರೆ ಸ್ಟೇಜಿನ ಮೇಲೆ ಅಲ್ಲ. ಮರಳಿನ ಮೇಲೆ."

"ಅಯ್ಯೋ, ಸ್ಟೇಜು ಗಟ್ಟಿ ಉಂಟು ಮಾರಾಯ್ತಿ. ಕಲ್ಲು ಕಟ್ಟಿ ಮಾಡಿದ್ದು."

"ಇರಲಿ. ನೋಡುವವರೂ ಮರಳಿನ ಮೇಲೆಯೇ ಕೂರಬೇಕು. ಬೆಂಚು ಬೇಡ, ಹಲಗೆ ಬೇಡ."

"ಅತಿಥಿಗಳು?"

"ಅವರಿಗೂ ಕುಂಡೆ ಉಂಟಲ್ಲ ಮಾಸ್ಟ್ರೇ," ಎಂದಳು ಶೈಲಾ. ವಸಂತಿಯ ತುಟಿ ಒಂದು ಕಡೆ ಅಲುಗಿತು. ಒಪ್ಪಿದಳು.

ನನ್ನ ಅಣ್ಣ ದುಬೈಯಿಂದ ತಂದಿದ್ದ ಟೇಪ್ ರೆಕಾರ್ಡರ್ ಹೊತ್ತುಕೊಂಡು ನಾನು ಕಾಪುವಿಗೆ ಹೋದೆ. ಶಾಲೆಯ ಮುಂದಿನ ಮರಳಿನಲ್ಲಿ, ಬಿಸಿಲು ಇಳಿಯುವ ಹೊತ್ತಿಗೆ, ಇಡೀ ಊರು ಚಾಪೆ ಹಾಸಿ ಕೂತಿತ್ತು. ವಸಂತಿ ಅವರಿಗೆ ಬೆನ್ನು ಹಾಕಿ, ಮಕ್ಕಳ ಕಡೆ ಮುಖ ಮಾಡಿ, ಮುಂದೆ ನಿಂತಳು. ಅವಳ ಕೈ ಹೋದ ಕಡೆ ಮಕ್ಕಳು ಹೋದರು. ಬಲೆ ಎಳೆದರು, ದೋಣಿ ನೂಕಿದರು, ಅಲೆಯಾದರು. ಕೊನೆಯಲ್ಲಿ ಅಲೆ ಪೂರ್ತಿ ಇಳಿದು ಮರಳಿಗೆ ಒರಗಿತು. ವಸಂತಿ ಅಂಗೈಗಳನ್ನು ಮೇಲ್ಮುಖ ಮಾಡಿ ನಿಧಾನವಾಗಿ ಎತ್ತಿದಳು. ಮಕ್ಕಳು ಎದ್ದರು.

ಅವಳ ಬೆನ್ನ ಹಿಂದೆ ಕೂತಿದ್ದವರೂ ಅಷ್ಟು ಹೊತ್ತೂ ಆ ಕೈಗಳನ್ನೇ ನೋಡುತ್ತಿದ್ದರು. ಅವರೂ ಎದ್ದರು. ಇಡೀ ಊರು, ಒಂದೇ ಸಲ.

ಜನ ಒಟ್ಟಿಗೆ ಏಳುವಾಗ ಒಂದು ಸದ್ದು ಬರುತ್ತದೆ. ಬಟ್ಟೆಗಳ, ಉಸಿರುಗಳ ಸದ್ದು. ಅದನ್ನು ಕೇಳಿದ ವಸಂತಿಯ ಕೈಗಳು ಗಾಳಿಯಲ್ಲೇ ನಿಂತುಬಿಟ್ಟವು. ನಾನು ಕಂಬ ಹುಡುಕಿದೆ. ಅಲ್ಲಿ ಕಂಬ ಇರಲಿಲ್ಲ. ಅವಳು ತಿರುಗಿದಳು. ಅವರ ಮುಖಗಳನ್ನು ನೋಡಲಿಲ್ಲ, ಪಾದಗಳನ್ನು ನೋಡಿದಳು. ಈ ತುದಿಯಿಂದ ಆ ತುದಿಯವರೆಗೆ, ಒಬ್ಬೊಬ್ಬರದನ್ನೂ. ಪಾದಗಳು ಮರಳಿನಲ್ಲಿ ಸ್ವಲ್ಪ ಹೂತಿದ್ದವು, ಅಷ್ಟೇ. ಏನೂ ಅಲುಗಲಿಲ್ಲ. ಏನೂ ಬೀಳಲಿಲ್ಲ. ಜನ ಚಪ್ಪಾಳೆ ತಟ್ಟುತ್ತಾ ನಿಂತೇ ಇದ್ದರು. ಮುಂದಿನ ಸಾಲಿನಲ್ಲಿ ಶೈಲಾ ಸೊಟ್ಟಗೆ ನಿಂತಿದ್ದಳು. ಅವಳ ಹೆಗಲಿಗೆ ಕೈಯೂರಿ ತಾಯಿಯೂ ಎದ್ದು ನಿಂತಿದ್ದರು.

ಆ ರಾತ್ರಿ ನಾವೆಲ್ಲ ಕಾಪುವಿನ ಅವರ ಮನೆಯಲ್ಲೇ ಉಳಿದೆವು. ಒಂದೇ ಕೋಣೆಯಲ್ಲಿ ಸಾಲಾಗಿ ಚಾಪೆ. ಗಂಜಿ ಉಂಡು ಮಲಗಿದ್ದು ನೆನಪಿದೆ. ಅದರ ನಂತರದ್ದು ಏನೂ ನೆನಪಿಲ್ಲ.

ಎಚ್ಚರವಾದಾಗ ಹೆಂಚಿನ ಸಂದಿನಿಂದ ಬಿಸಿಲು ನೇರ ಮುಖಕ್ಕೆ ಬೀಳುತ್ತಿತ್ತು. ಬೆಳಕು ಹರಿಯುವ ಮೊದಲೇ ಬೀಡಿ ಎಲೆ ಕತ್ತರಿಸಲು ಕೂರುವ ತಾಯಿ ಆಗಷ್ಟೇ ಎದ್ದು, ಬಾಗಿಲು ತೆರೆದು, ಹಾಲಿನವಳು ಮೆಟ್ಟಿಲ ಮೇಲೆ ಇಟ್ಟುಹೋಗಿದ್ದ ತಂಬಿಗೆಯನ್ನು ಎತ್ತಿ ಒಳಗೆ ನೋಡಿದರು. ಬಿಸಿಲಿಗೆ ಹಾಲು ಒಡೆದುಹೋಗಿತ್ತು.

"ಇಷ್ಟು ಹೊತ್ತಾಗಿದೆ, ಒಬ್ಬರಾದರೂ ಎಬ್ಬಿಸಬಾರದಿತ್ತಾ?" ಎಂದು ಅವರು ಕೇಳಿದರು.

ಚಾಪೆಯ ಮೇಲೆ ವಸಂತಿ ಮಗ್ಗುಲಾದಳು. ಕಣ್ಣು ತೆರೆಯದೆ, ನಿದ್ದೆಯಿಂದ ಒಡೆದ, ಆದರೆ ಪಿಸುಮಾತಲ್ಲದ ಸ್ವರದಲ್ಲಿ ಹೇಳಿದಳು.

"ಇವತ್ತು ಯಾರೂ ಬೊಬ್ಬೆ ಹಾಕಲಿಲ್ಲ ಅಮ್ಮ."